ದುಡಿಯುವವರ ವಿಶ್ವಾಸ ಗಳಿಸಿದ ರಾಬರ್ಟ್ ಓವನ್

ಶಾಲೆಯಾಗಲಿ, ಆಸ್ಪತ್ರೆಯಾಗಲಿ, ಸಹಕಾರಿ ಸಂಘವಾಗಲಿ, ಹತ್ತು ಜನ ಸಂಬಳಕ್ಕೆ ದುಡಿಯುವ ಯಾವುದೇ ಸಂಸ್ಥೆಯ ಮುಖ್ಯಸ್ಥರಿಗೆ ಒಂದಲ್ಲ ಒಂದು ದಿನ ಈ ಪ್ರಶ್ನೆ ಎದುರಾಗುತ್ತದೆ. ನೌಕರರು ಮನಸ್ಸಿಟ್ಟು ಕೆಲಸ ಮಾಡುವಂತೆ ಮಾಡುವುದು ಹೇಗೆ? ಗದರಿಸಿದರೆ ನಾವು ಎದುರಿಗಿದ್ದಷ್ಟು ಹೊತ್ತು ಮಾತ್ರ ಕೆಲಸ ನಡೆಯುತ್ತದೆ. ಸಡಿಲ ಬಿಟ್ಟರೆ ಅದೂ ನಡೆಯದೆಂಬ ಭಯ. ಇಂದು ಈ ವಿಷಯದ ಬಗ್ಗೆ ತರಬೇತಿ ಶಿಬಿರಗಳಿವೆ, ಪುಸ್ತಕಗಳಿವೆ, ಸಲಹೆಗಾರರಿದ್ದಾರೆ. ಇವೊಂದೂ ಇಲ್ಲದ ಕಾಲದಲ್ಲಿ, ಎರಡು ಶತಮಾನಗಳ ಹಿಂದೆ, ಸ್ಕಾಟ್ಲೆಂಡಿನ ಹತ್ತಿ ಗಿರಣಿಯೊಂದರಲ್ಲಿ ಈ ಪ್ರಶ್ನೆಗೆ ಉತ್ತರ ಹುಡುಕಲು ತನ್ನ ಜೀವನದ ಕಾಲು ಶತಮಾನವನ್ನು ಮೀಸಲಿಟ್ಟವರು ರಾಬರ್ಟ್ ಓವನ್. ಸಹಕಾರಿ ಚಳುವಳಿಯ ಪಿತಾಮಹರೆಂದು ಅವರ ಹೆಸರನ್ನು ನಮ್ಮಲ್ಲಿ ಅನೇಕರು ಕೇಳಿರಬಹುದು. ಆದರೆ ಗಿರಣಿಯ ಮೇಲ್ವಿಚಾರಕರಾಗಿ ಅವರು ದುಡಿಯುವ ಜನರ ಮನಸ್ಸನ್ನು ಹೇಗೆ ಗೆದ್ದರು ಎಂಬುದು ಅಷ್ಟಾಗಿ ತಿಳಿದಿಲ್ಲ. ಸಂಸ್ಥೆಗಳನ್ನು ನಡೆಸುವವರಿಗೂ ಅಲ್ಲಿ ದುಡಿಯುವವರಿಗೂ ಅವರ ಬದುಕಿನಿಂದ ಕಲಿಯುವುದು ಬಹಳಷ್ಟಿದೆ.

ಬಾಲ್ಯ ಮತ್ತು ಅಂಗಡಿಯ ದಿನಗಳು

ರಾಬರ್ಟ್ ಓವನ್ ಹುಟ್ಟಿದ್ದು 1771ರ ಮೇ 14ರಂದು, ವೇಲ್ಸ್ ಪ್ರಾಂತ್ಯದ ನ್ಯೂಟೌನ್ ಎಂಬ ಸಣ್ಣ ಪೇಟೆಯಲ್ಲಿ. ತಂದೆ ಕುದುರೆಯ ಜೀನುಗಳನ್ನು ತಯಾರಿಸುತ್ತಾ ಕಬ್ಬಿಣದ ಸಾಮಾನುಗಳ ವ್ಯಾಪಾರವನ್ನೂ ಮಾಡುತ್ತಿದ್ದರು. ಏಳು ಮಕ್ಕಳಲ್ಲಿ ರಾಬರ್ಟ್ ಆರನೆಯವರು. ಓದಿನಲ್ಲಿ ಚುರುಕಾಗಿದ್ದರೂ ಅವರ ಶಾಲಾ ವಿದ್ಯಾಭ್ಯಾಸ ಚಿಕ್ಕಂದಿನಲ್ಲೇ ಮುಗಿಯಿತು. ಹತ್ತನೆಯ ವಯಸ್ಸಿನಲ್ಲಿ ಮನೆ ಬಿಟ್ಟು ಲಂಡನ್‌ನಲ್ಲಿದ್ದ ಅಣ್ಣನ ಬಳಿಗೆ ಹೋದರು. ಅಲ್ಲಿಂದ ಸ್ಟ್ಯಾಮ್‌ಫರ್ಡ್ ಪೇಟೆಯ ಮೆಕ್‌ಗಫಾಗ್ ಎಂಬ ಬಟ್ಟೆ ವ್ಯಾಪಾರಿಯ ಅಂಗಡಿಗೆ ಕೆಲಸಕ್ಕೆ ಸೇರಿದರು. ಊಟ, ವಸತಿ ಅಂಗಡಿಯವರದೇ. ಮೊದಲ ವರ್ಷ ಸಂಬಳವಿಲ್ಲ, ಎರಡನೆಯ ವರ್ಷಕ್ಕೆ 8 ಪೌಂಡ್, ಮೂರನೆಯ ವರ್ಷಕ್ಕೆ 10 ಪೌಂಡ್ ಎಂಬ ಒಪ್ಪಂದ.

ಮೆಕ್‌ಗಫಾಗ್ ಒಳ್ಳೆಯ ಧಣಿ. ಹುಡುಗನನ್ನು ಮನೆಯವನಂತೆ ನೋಡಿಕೊಂಡರು. ಸರಕು ಹೇಗಿರಬೇಕು, ಲೆಕ್ಕ ಹೇಗಿಡಬೇಕು ಎಂದು ತಾಳ್ಮೆಯಿಂದ ಕಲಿಸಿದರು. ಮನೆಯಲ್ಲಿದ್ದ ಪುಸ್ತಕಗಳನ್ನು ಓದಲು ಬಿಟ್ಟರು. ಕೆಲವು ವರ್ಷಗಳ ನಂತರ ಓವನ್ ಲಂಡನ್ ಸೇತುವೆಯ ಬಳಿಯ ಮತ್ತೊಂದು ದೊಡ್ಡ ಅಂಗಡಿಗೆ ಸೇರಿದರು. ಅಲ್ಲಿ ವರ್ಷಕ್ಕೆ 25 ಪೌಂಡ್ ಸಂಬಳವಿತ್ತು. ಆದರೆ ವ್ಯಾಪಾರ ಜೋರಾಗಿರುವ ತಿಂಗಳುಗಳಲ್ಲಿ ಬೆಳಿಗ್ಗೆಯಿಂದ ರಾತ್ರಿಯವರೆಗೆ ಗಿರಾಕಿಗಳ ಸಾಲು. ಬಾಗಿಲು ಹಾಕಿದ ಮೇಲೆ ಹರಡಿದ ಬಟ್ಟೆಗಳನ್ನೆಲ್ಲ ಮಡಚಿ ಜೋಡಿಸುವಷ್ಟರಲ್ಲಿ ಮಧ್ಯರಾತ್ರಿ ದಾಟಿ ಎಷ್ಟೋ ಹೊತ್ತಾಗುತ್ತಿತ್ತು. ಮೆಟ್ಟಿಲು ಹತ್ತಿ ಮಲಗುವ ಕೋಣೆಗೆ ಹೋಗಲೂ ಕಾಲಲ್ಲಿ ಶಕ್ತಿ ಉಳಿಯುತ್ತಿರಲಿಲ್ಲ ಎಂದು ಅವರು ಮುಂದೆ ನೆನಪಿಸಿಕೊಂಡಿದ್ದಾರೆ.

ಹೀಗೆ ಹದಿಹರೆಯ ದಾಟುವ ಮೊದಲೇ ಓವನ್ ಎರಡು ಬಗೆಯ ದುಡಿಮೆಯನ್ನು ಸ್ವತಃ ಕಂಡಿದ್ದರು. ಒಂದರಲ್ಲಿ ಸಂಬಳ ಕಡಿಮೆ, ಗೌರವ ಹೆಚ್ಚು. ಇನ್ನೊಂದರಲ್ಲಿ ಸಂಬಳ ಹೆಚ್ಚು, ಆದರೆ ಮೈಮುರಿಯುವ ದಣಿವು. ಮುಂದೆ ಸಾವಿರಾರು ಜನರಿಗೆ ಅವರೇ ಧಣಿಯಾದಾಗ ಈ ಅನುಭವ ಅವರ ಕೈಬಿಡಲಿಲ್ಲ.

ಆರು ವಾರಗಳ ಮೌನ

ಆಗ ಇಂಗ್ಲೆಂಡಿನಲ್ಲಿ ಹತ್ತಿ ಗಿರಣಿಗಳ ಯುಗ ಆರಂಭವಾಗಿತ್ತು. ಮ್ಯಾಂಚೆಸ್ಟರ್ ನಗರ ಇದರ ಕೇಂದ್ರ. ಅಲ್ಲಿಗೆ ಬಂದ ಓವನ್ ಮೊದಲು ಬಟ್ಟೆಯಂಗಡಿಯಲ್ಲಿ ದುಡಿದರು. ನಂತರ ಪಾಲುದಾರರೊಬ್ಬರ ಜೊತೆ ನೂಲುವ ಯಂತ್ರಗಳನ್ನು ತಯಾರಿಸಿದರು. ಅದನ್ನು ಬಿಟ್ಟು ಮೂವರು ಕೆಲಸಗಾರರನ್ನು ಇಟ್ಟುಕೊಂಡು ತಾವೇ ನೂಲು ತೆಗೆಯತೊಡಗಿದರು.

1792ರಲ್ಲಿ ಪೀಟರ್ ಡ್ರಿಂಕ್‌ವಾಟರ್ ಎಂಬ ಶ್ರೀಮಂತ ವ್ಯಾಪಾರಿಗೆ ತನ್ನ ಹೊಸ ಗಿರಣಿಗೆ ವ್ಯವಸ್ಥಾಪಕರು ಬೇಕಾಗಿದ್ದರು. ಇಪ್ಪತ್ತರ ಆಸುಪಾಸಿನ ಓವನ್ ಅರ್ಜಿ ಹಿಡಿದು ಹೋಗಿ ವರ್ಷಕ್ಕೆ 300 ಪೌಂಡ್ ಸಂಬಳ ಕೇಳಿದರು. ಇಷ್ಟು ದೊಡ್ಡ ಮೊತ್ತ ಕೇಳಿದ ಯುವಕನನ್ನು ಕಂಡು ಡ್ರಿಂಕ್‌ವಾಟರ್ ಬೆರಗಾದರು. ತಮ್ಮ ಸಣ್ಣ ಉದ್ಯಮದಲ್ಲೇ ಅಷ್ಟು ಗಳಿಸುತ್ತಿರುವುದಾಗಿ ಓವನ್ ಲೆಕ್ಕದ ಪುಸ್ತಕ ತೋರಿಸಿದರು. ಕೆಲಸ ಸಿಕ್ಕಿತು.

ಮರುದಿನ ಗಿರಣಿಗೆ ಹೋಗಿ ನೋಡಿದರೆ ಅಲ್ಲಿ ಗಂಡಸರು, ಹೆಂಗಸರು, ಮಕ್ಕಳು ಸೇರಿ 500 ಜನ. ಯಂತ್ರಗಳು ಹೊಸವು. ಹಿಂದಿನ ವ್ಯವಸ್ಥಾಪಕರು ಆಗಲೇ ಬಿಟ್ಟು ಹೋಗಿದ್ದರು. ಇಂತಹ ಸಂದರ್ಭದಲ್ಲಿ ಹೊಸದಾಗಿ ಬಂದ ಅಧಿಕಾರಿ ಏನು ಮಾಡುತ್ತಾರೆ? ತನ್ನ ಅಧಿಕಾರ ತೋರಿಸಲು ಮೊದಲ ದಿನವೇ ನಾಲ್ಕು ಆದೇಶ ಹೊರಡಿಸುತ್ತಾರೆ. ಓವನ್ ಹಾಗೆ ಮಾಡಲಿಲ್ಲ. ಬೆಳಿಗ್ಗೆ ಕೆಲಸಗಾರರ ಜೊತೆಗೇ ಬಂದು, ರಾತ್ರಿ ತಾವೇ ಬೀಗ ಹಾಕಿ ಹೋಗುತ್ತಿದ್ದರು. ಆರು ವಾರಗಳ ಕಾಲ ಒಂದೇ ಒಂದು ನೇರ ಆದೇಶ ಕೊಡಲಿಲ್ಲ. ಯಾರಾದರೂ ಬಂದು ಕೇಳಿದರೆ ಹೌದು ಅಥವಾ ಬೇಡ ಎಂದಷ್ಟೇ ಹೇಳುತ್ತಿದ್ದರು. ಪ್ರತಿಯೊಂದು ವಿಭಾಗವನ್ನೂ ಕಣ್ಣಿಟ್ಟು ನೋಡಿದರು. ಯಾರು ಏನು ಬಲ್ಲರು, ಯಾವ ಯಂತ್ರ ಎಲ್ಲಿ ಕೈಕೊಡುತ್ತದೆ, ಸಮಯ ಎಲ್ಲಿ ಪೋಲಾಗುತ್ತದೆ ಎಂಬುದನ್ನು ಮನನ ಮಾಡಿಕೊಂಡರು. ಆಮೇಲೆ ಅವರು ಕೊಟ್ಟ ಸೂಚನೆಗಳನ್ನು ಜನ ಒಪ್ಪಿಕೊಂಡರು. ಏಕೆಂದರೆ ಕೆಲಸ ಗೊತ್ತಿದ್ದವರು ಕೊಟ್ಟ ಸೂಚನೆಗಳು ಅವು. ಗಿರಣಿಯ ನೂಲಿನ ಗುಣಮಟ್ಟ ಏರಿತು, ಓವನ್ ಅವರ ಹೆಸರು ಮಾರುಕಟ್ಟೆಯಲ್ಲಿ ಹಬ್ಬಿತು.

ನ್ಯೂ ಲಾನಾರ್ಕ್‌ಗೆ ಆಗಮನ

ಸ್ಕಾಟ್ಲೆಂಡಿನಲ್ಲಿ ಕ್ಲೈಡ್ ನದಿಯ ಜಲಪಾತಗಳ ಬಳಿ ನ್ಯೂ ಲಾನಾರ್ಕ್ ಎಂಬ ಗಿರಣಿ ಗ್ರಾಮವಿತ್ತು. ಡೇವಿಡ್ ಡೇಲ್ ಎಂಬ ಉದ್ಯಮಿ ನದಿಯ ನೀರಿನ ಬಲದಿಂದ ಯಂತ್ರಗಳನ್ನು ನಡೆಸಲು 1785ರಲ್ಲಿ ಇದನ್ನು ಕಟ್ಟಲು ಆರಂಭಿಸಿದ್ದರು. ಓವನ್ ಮತ್ತು ಅವರ ಪಾಲುದಾರರು 1799ರಲ್ಲಿ ಇದನ್ನು 60,000 ಪೌಂಡ್‌ಗಳಿಗೆ ಖರೀದಿಸಿದರು. ಹಣವನ್ನು ಇಪ್ಪತ್ತು ವರ್ಷಗಳಲ್ಲಿ ಕಂತುಗಳಾಗಿ ತೀರಿಸುವ ಒಪ್ಪಂದವಾಯಿತು. ಅದೇ ವರ್ಷ ಸೆಪ್ಟೆಂಬರ್‌ನಲ್ಲಿ ಡೇಲ್ ಅವರ ಮಗಳು ಕ್ಯಾರೋಲಿನ್ ಜೊತೆ ಓವನ್ ಅವರ ವಿವಾಹವೂ ನೆರವೇರಿತು. 1800ರ ಜನವರಿ 1ರಂದು ಅವರು ಗಿರಣಿಯ ಆಡಳಿತ ವಹಿಸಿಕೊಂಡರು.

ಗ್ರಾಮದಲ್ಲಿ ಸುಮಾರು 2,000 ಜನರಿದ್ದರು. ಅವರಲ್ಲಿ 500ರಷ್ಟು ಮಂದಿ ಎಡಿನ್‌ಬರೋ, ಗ್ಲಾಸ್ಗೋ ನಗರಗಳ ಅನಾಥಾಲಯ ಮತ್ತು ಬಡವರ ನಿಲಯಗಳಿಂದ ತಂದ ಮಕ್ಕಳು. ಡೇಲ್ ದಯಾಳು ಮನುಷ್ಯ. ಮಕ್ಕಳ ಊಟ, ಬಟ್ಟೆ, ವಸತಿಗೆ ಕೊರತೆ ಮಾಡಿರಲಿಲ್ಲ. ಆದರೂ ಆರೇಳು ವರ್ಷದ ಮಕ್ಕಳು ಬೆಳಿಗ್ಗೆ ಆರರಿಂದ ಸಂಜೆ ಏಳರವರೆಗೆ ಗಿರಣಿಯಲ್ಲಿ ನಿಂತು ದುಡಿದು, ಆಮೇಲೆ ಪಾಠಕ್ಕೆ ಕೂರಬೇಕಿತ್ತು. ದಣಿದ ಮಕ್ಕಳ ತಲೆಗೆ ಯಾವ ಪಾಠ ಹತ್ತೀತು?

ದೊಡ್ಡವರ ಸ್ಥಿತಿ ಬೇರೆ ರೀತಿಯದ್ದು. ಗಿರಣಿ ಕೆಲಸವೆಂದರೆ ಆಗ ಮರ್ಯಾದಸ್ಥರು ಮೂಗು ಮುರಿಯುತ್ತಿದ್ದ ಕೆಲಸ. ಬೇರೆಲ್ಲೂ ಗತಿಯಿಲ್ಲದವರೇ ಹೆಚ್ಚಾಗಿ ಬರುತ್ತಿದ್ದರು. ಕುಡಿತ, ಜಗಳ, ಕಳ್ಳತನ ಸಾಮಾನ್ಯವಾಗಿದ್ದವು. ಗಿರಣಿಯ ನೂಲು, ಸಾಮಾನುಗಳು ಮಾಯವಾಗುತ್ತಿದ್ದವು. ಇದರ ಮೇಲೆ ಹೊಸ ಧಣಿ ಹೊರಗಿನವರು. ಅವರ ಮಾತಿನ ಧಾಟಿ ಬೇರೆ, ನಡೆನುಡಿ ಬೇರೆ. ಲಾಭ ಹಿಂಡಲು ಬಂದವರೆಂದೇ ಜನ ತೀರ್ಮಾನಿಸಿದರು. ಓವನ್ ಏನೇ ಬದಲಾವಣೆ ತಂದರೂ ಅದರ ಹಿಂದೆ ಏನೋ ಹುನ್ನಾರವಿದೆ ಎಂಬ ಸಂಶಯ. ಎದುರು ಮಾತಾಡದೆ, ಒಳಗಿನಿಂದಲೇ ತಡೆಯುವುದು ಅವರ ದಾರಿ. ಇದು ನಮಗೂ ಅಪರಿಚಿತವಲ್ಲ.

ಶಿಕ್ಷೆಯ ಬದಲು ವ್ಯವಸ್ಥೆ

ಮನುಷ್ಯನ ಸ್ವಭಾವ ಅವನು ಬೆಳೆದ ಮತ್ತು ಬದುಕುವ ಪರಿಸರದಿಂದ ರೂಪುಗೊಳ್ಳುತ್ತದೆ ಎಂಬುದು ಓವನ್ ಅವರ ದೃಢವಾದ ನಂಬಿಕೆ. ಹಾಗಾಗಿ ತಪ್ಪು ಮಾಡಿದವರನ್ನು ಹಿಡಿದು ದಂಡಿಸುವುದಕ್ಕಿಂತ ತಪ್ಪಿಗೆ ಎಡೆಯಿಲ್ಲದಂತೆ ಮಾಡುವುದು ಮೇಲು ಎಂದು ಅವರು ಬಗೆದರು. ಸಾಮಾನು ಒಂದು ಕೈಯಿಂದ ಇನ್ನೊಂದು ಕೈಗೆ ಹೋಗುವಾಗಲೆಲ್ಲ ಎಣಿಸಿ ಬರೆದಿಡುವ ಪದ್ಧತಿ ತಂದರು. ಎಲ್ಲಿ ಕಡಿಮೆಯಾಯಿತು ಎಂಬುದು ಕೂಡಲೇ ಗೊತ್ತಾಗುವಂತಾಯಿತು. ಕಳ್ಳತನ ಇಳಿಯಿತು. ಅದಕ್ಕಾಗಿ ಯಾರನ್ನೂ ನ್ಯಾಯಾಲಯಕ್ಕೆ ಎಳೆಯಲಿಲ್ಲ.

ಗ್ರಾಮದ ಅಂಗಡಿಗಳು ಕಳಪೆ ಸಾಮಾನನ್ನು ಸಾಲದ ಮೇಲೆ ದುಬಾರಿ ಬೆಲೆಗೆ ಮಾರುತ್ತಿದ್ದವು. ಓವನ್ ಗಿರಣಿಯ ವತಿಯಿಂದಲೇ ಅಂಗಡಿ ತೆರೆದರು. ಒಳ್ಳೆಯ ಸಾಮಾನನ್ನು ನಗದು ಕೊಟ್ಟು ಸಗಟಾಗಿ ತರಿಸಿ, ಅಸಲಿಗಿಂತ ಸ್ವಲ್ಪವೇ ಹೆಚ್ಚು ಬೆಲೆಗೆ ಕೊಟ್ಟರು. ಇದರಿಂದ ಕುಟುಂಬಗಳ ಖರ್ಚು ಕಾಲು ಭಾಗದಷ್ಟು ಇಳಿಯಿತೆಂದು ಅವರ ಲೆಕ್ಕ. ಅಂಗಡಿಯ ಲಾಭ ಮುಂದೆ ಶಾಲೆಯ ಖರ್ಚಿಗೆ ಒದಗಿತು. ಕಾಯಿಲೆ ಬಿದ್ದವರ ನೆರವಿಗೆ ಒಂದು ನಿಧಿ ಆರಂಭವಾಯಿತು. ಪ್ರತಿಯೊಬ್ಬರೂ ಕೂಲಿಯ ಅರುವತ್ತನೆಯ ಒಂದು ಭಾಗವನ್ನು ಅದಕ್ಕೆ ಕೊಡುತ್ತಿದ್ದರು. ಅನಾಥಾಲಯಗಳಿಂದ ಮಕ್ಕಳನ್ನು ತರುವುದು ನಿಂತಿತು. ಹತ್ತು ವರ್ಷ ತುಂಬದ ಮಕ್ಕಳನ್ನು ಕೆಲಸಕ್ಕೆ ತೆಗೆದುಕೊಳ್ಳುವುದನ್ನೂ ಓವನ್ ನಿಲ್ಲಿಸಿದರು.

ಎಲ್ಲವೂ ಜನರಿಗೆ ಹಿತವಾಗಿತ್ತು ಎಂದಲ್ಲ. ಮನೆಗಳ ಮುಂದಿನ ತಿಪ್ಪೆಗಳನ್ನು ತೆಗೆಸಿ ಬೀದಿಗಳನ್ನು ಶುಚಿಗೊಳಿಸಿದ್ದು ಸರಿಯೇ. ಆದರೆ ಮನೆಯೊಳಗಿನ ಶುಚಿತ್ವವನ್ನೂ ಪರಿಶೀಲಿಸಲು ಸಮಿತಿ ನೇಮಿಸಿದಾಗ ಹೆಂಗಸರು ಸಿಟ್ಟಾದರು. ಪರಿಶೀಲನೆಗೆ ಬಂದವರಿಗೆ ತಿಗಣೆ ಹಿಡಿಯುವವರು ಎಂದು ಅಡ್ಡಹೆಸರಿಟ್ಟರು.

ಮೌನ ಮೇಲ್ವಿಚಾರಕ

ಓವನ್ ಅವರ ಹೆಸರಿನೊಂದಿಗೆ ಇಂದಿಗೂ ಸೇರಿಕೊಂಡಿರುವುದು ಮೌನ ಮೇಲ್ವಿಚಾರಕ ಎಂಬ ಒಂದು ಪುಟ್ಟ ಮರದ ತುಂಡು. ಸುಮಾರು ಎರಡು ಅಂಗುಲ ಉದ್ದ, ಒಂದು ಅಂಗುಲ ಅಗಲ. ಅದಕ್ಕೆ ನಾಲ್ಕು ಮುಖ. ಒಂದೊಂದು ಮುಖಕ್ಕೂ ಒಂದೊಂದು ಬಣ್ಣ. ಕಪ್ಪು ಎಂದರೆ ಕೆಲಸ ಕೆಟ್ಟದು. ನೀಲಿ ಎಂದರೆ ಸಾಧಾರಣ. ಹಳದಿ ಎಂದರೆ ಒಳ್ಳೆಯದು. ಬಿಳಿ ಎಂದರೆ ಅತ್ಯುತ್ತಮ. ಪ್ರತಿಯೊಬ್ಬ ಕೆಲಸಗಾರನ ಜಾಗದಲ್ಲೂ ಇಂತಹದೊಂದು ತೂಗುತ್ತಿತ್ತು. ಹಿಂದಿನ ದಿನದ ಕೆಲಸ ಹೇಗಿತ್ತೋ ಆ ಬಣ್ಣ ಮುಂದಕ್ಕೆ ಕಾಣುವಂತೆ ಅದನ್ನು ತಿರುಗಿಸಿ ಇಡಲಾಗುತ್ತಿತ್ತು. ಪ್ರತಿದಿನದ ಫಲಿತಾಂಶ ನಡತೆಯ ಪುಸ್ತಕವೊಂದರಲ್ಲಿ ದಾಖಲಾಗುತ್ತಿತ್ತು.

ಈ ಪದ್ಧತಿಯ ಮೂರು ಸಂಗತಿಗಳನ್ನು ಗಮನಿಸಬೇಕು. ಮೊದಲನೆಯದು, ಈ ಅಳತೆ ಕೆಲಸಗಾರರಿಗೆ ಮಾತ್ರವಲ್ಲ, ಅವರ ಮೇಲ್ವಿಚಾರಕರಿಗೂ ಇತ್ತು. ಎರಡನೆಯದು, ತನಗೆ ಕೊಟ್ಟ ಬಣ್ಣ ಅನ್ಯಾಯವೆಂದು ಅನಿಸಿದವರು ಅದು ಪುಸ್ತಕಕ್ಕೆ ಏರುವ ಮೊದಲೇ ನೇರವಾಗಿ ಓವನ್ ಅವರ ಬಳಿ ದೂರು ಹೇಳಬಹುದಿತ್ತು. ಮೇಸ್ತ್ರಿಯ ಮಾತೇ ಕೊನೆಯ ಮಾತಾಗಿರಲಿಲ್ಲ. ಮೂರನೆಯದು, ಕಪ್ಪು ಬಣ್ಣ ಕಂಡರೆ ಓವನ್ ಬೈಯುತ್ತಿರಲಿಲ್ಲ. ಗಿರಣಿಯ ಕೋಣೆಗಳಲ್ಲಿ ನಡೆದು ಹೋಗುವಾಗ ಬಣ್ಣವನ್ನು ನೋಡಿ, ಆಮೇಲೆ ಆ ವ್ಯಕ್ತಿಯನ್ನು ಒಮ್ಮೆ ನೋಡಿ ಮುಂದೆ ಸಾಗುತ್ತಿದ್ದರು. ಬೇರೆ ಗಿರಣಿಗಳಲ್ಲಿ ಚರ್ಮದ ಪಟ್ಟಿಯಿಂದ ಮಕ್ಕಳಿಗೆ ಹೊಡೆಯುತ್ತಿದ್ದ ಕಾಲವದು.

ಆರಂಭದಲ್ಲಿ ಎಲ್ಲೆಲ್ಲೂ ಕಪ್ಪು, ನೀಲಿಗಳೇ ಕಾಣುತ್ತಿದ್ದವು. ವರ್ಷಗಳು ಕಳೆದಂತೆ ಕಪ್ಪು ಹೋಗಿ ನೀಲಿ ಹೆಚ್ಚಿತು. ಆಮೇಲೆ ಹಳದಿ, ಕೊನೆಗೆ ಬಿಳಿ ಬಣ್ಣಗಳು ಕಾಣಿಸಿಕೊಂಡವು. ನಿನ್ನೆಯ ಬಣ್ಣ ಏನೇ ಇರಲಿ, ಇಂದು ಅದನ್ನು ಬದಲಿಸಿಕೊಳ್ಳುವ ಅವಕಾಶ ಪ್ರತಿಯೊಬ್ಬರಿಗೂ ಇತ್ತು. ಬಹುಶಃ ಅದರ ಶಕ್ತಿ ಇದ್ದದ್ದು ಇಲ್ಲೇ.

ಆದರೆ ಒಂದು ಮಾತನ್ನು ಇಲ್ಲಿ ಹೇಳಲೇಬೇಕು. ಅಂಕ ಕೊಡುವ ಇಂತಹ ಪದ್ಧತಿಗಳು ಇಂದು ಅನೇಕ ಕಚೇರಿಗಳಲ್ಲಿ ಇವೆ. ಎಷ್ಟೋ ಕಡೆ ಅವು ನೌಕರರಲ್ಲಿ ಉತ್ಸಾಹ ತುಂಬುವ ಬದಲು ಕಹಿಯನ್ನೇ ಹುಟ್ಟಿಸುತ್ತವೆ. ನ್ಯೂ ಲಾನಾರ್ಕ್‌ನ ಮರದ ತುಂಡು ಬೇರು ಬಿಡಲು ಕಾರಣವಾದ ಮಣ್ಣು ಬೇರೆಯೇ ಇತ್ತು. ಅದನ್ನು ಹದಮಾಡಿದ್ದು ನಾಲ್ಕು ತಿಂಗಳ ಒಂದು ಘಟನೆ.

ಕೆಲಸವಿಲ್ಲದ ನಾಲ್ಕು ತಿಂಗಳು

ಓವನ್ ಬಂದು ಏಳೆಂಟು ವರ್ಷಗಳಾಗಿದ್ದರೂ ಜನರ ಸಂಶಯ ಪೂರ್ತಿ ಹೋಗಿರಲಿಲ್ಲ. ಆಗ ಬ್ರಿಟನ್ ಮತ್ತು ಅಮೆರಿಕದ ನಡುವಿನ ಸಂಬಂಧ ಹದಗೆಟ್ಟಿತು. 1807ರ ಡಿಸೆಂಬರ್‌ನಲ್ಲಿ ಅಮೆರಿಕವು ತನ್ನ ಬಂದರುಗಳಿಂದ ಸರಕು ಹೊರಹೋಗುವುದನ್ನೇ ನಿಷೇಧಿಸಿತು. ಬ್ರಿಟನ್ನಿನ ಗಿರಣಿಗಳಿಗೆ ಹತ್ತಿ ಬಹುಪಾಲು ಅಲ್ಲಿಂದಲೇ ಬರುತ್ತಿತ್ತು. ಹತ್ತಿಯ ಬೆಲೆ ಗಗನಕ್ಕೇರಿತು. ಆ ಬೆಲೆಗೆ ಕೊಂಡು ನೂತರೆ ನಷ್ಟ ಖಂಡಿತ. ಗಿರಣಿ ಮಾಲೀಕರು ಕೆಲಸ ನಿಲ್ಲಿಸಿ ಜನರನ್ನು ಮನೆಗೆ ಕಳುಹಿಸತೊಡಗಿದರು. ಆ ಕಾಲದಲ್ಲಿ ಕೆಲಸ ಹೋಯಿತೆಂದರೆ ಹೊಟ್ಟೆಗೆ ಹಿಟ್ಟಿಲ್ಲ ಎಂದೇ ಅರ್ಥ.

ಓವನ್ ಕೂಡ ಯಂತ್ರಗಳನ್ನು ನಿಲ್ಲಿಸಿದರು. ಆದರೆ ಒಬ್ಬರನ್ನೂ ಕೆಲಸದಿಂದ ತೆಗೆಯಲಿಲ್ಲ. ಯಂತ್ರಗಳನ್ನು ಒರೆಸಿ, ಎಣ್ಣೆ ಹಾಕಿ, ಸುಸ್ಥಿತಿಯಲ್ಲಿ ಇಡುವುದಷ್ಟೇ ಆಗ ಉಳಿದಿದ್ದ ಕೆಲಸ. ಅದಕ್ಕೆ ಎಲ್ಲರಿಗೂ ಪೂರ್ತಿ ಕೂಲಿ ಕೊಟ್ಟರು. ಹೀಗೆ ನಾಲ್ಕು ತಿಂಗಳು ಸಾಗಿತು. ಒಂದು ಎಳೆ ನೂಲೂ ಹೊರಬರದ ಆ ಅವಧಿಯಲ್ಲಿ 7,000 ಪೌಂಡ್‌ಗಳಿಗೂ ಹೆಚ್ಚು ಹಣ ಕೂಲಿಯಾಗಿ ಜನರ ಕೈ ಸೇರಿತು. ಒಬ್ಬರ ಕೂಲಿಯಿಂದಲೂ ಒಂದು ಕಾಸು ಕಡಿತವಾಗಲಿಲ್ಲ.

ಆ ಮೊತ್ತ ಎಷ್ಟು ದೊಡ್ಡದೆಂದರೆ, ಡ್ರಿಂಕ್‌ವಾಟರ್ ಕೊಟ್ಟಿದ್ದ ವ್ಯವಸ್ಥಾಪಕ ಹುದ್ದೆಯಲ್ಲಿ ಓವನ್ 23 ವರ್ಷ ದುಡಿದಿದ್ದರೂ ಅಷ್ಟು ಗಳಿಸಲು ಆಗುತ್ತಿರಲಿಲ್ಲ. ಹಣ ಪಾಲುದಾರರದ್ದೂ ಹೌದು. ಅವರಿಗೆ ಉತ್ತರ ಹೇಳಬೇಕಾದವರು ಓವನ್ ಒಬ್ಬರೇ. ಆದರೂ ಅವರು ಹಿಂಜರಿಯಲಿಲ್ಲ.

ಅಷ್ಟು ವರ್ಷ ಬುದ್ಧಿ ಹೇಳಿ ಆಗದಿದ್ದುದು ಈ ನಾಲ್ಕು ತಿಂಗಳಲ್ಲಿ ಆಯಿತು. ಗ್ರಾಮದ ಜನ ಅವರನ್ನು ನಂಬಿದರು. ಈ ಮನುಷ್ಯ ಹೇಳುವುದು ನಮ್ಮ ಒಳಿತಿಗೇ ಎಂದು ಅವರಿಗೆ ಮನದಟ್ಟಾಯಿತು. ಅಲ್ಲಿಂದ ಮುಂದೆ ಓವನ್ ಅವರ ಸುಧಾರಣೆಗಳಿಗೆ ತಡೆಯಿರಲಿಲ್ಲ ಎಂದು ಅವರೇ ತಮ್ಮ ಆತ್ಮಕಥೆಯಲ್ಲಿ ನೆನೆದಿದ್ದಾರೆ. ಒಳ್ಳೆಯ ದಿನಗಳಲ್ಲಿ ಆಡುವ ಸಾವಿರ ಪ್ರೋತ್ಸಾಹದ ಮಾತುಗಳಿಗಿಂತ ಕಷ್ಟದ ದಿನದ ಒಂದು ತೀರ್ಮಾನವನ್ನು ನೌಕರರು ಹೆಚ್ಚು ಕಾಲ ನೆನಪಿಟ್ಟುಕೊಳ್ಳುತ್ತಾರೆ.

ಪಾಲುದಾರರೊಂದಿಗೆ ಸಂಘರ್ಷ

ಗಿರಣಿಯ ಲಾಭ ಚೆನ್ನಾಗಿಯೇ ಇತ್ತು. ಆದರೆ ಶಾಲೆ, ಸ್ವಚ್ಛತೆ, ಜನಹಿತ ಎಂದು ಓವನ್ ಖರ್ಚು ಮಾಡುವುದು ಪಾಲುದಾರರಿಗೆ ಹಿಡಿಸಲಿಲ್ಲ. 1809ರಲ್ಲಿ ಮೊದಲ ಪಾಲುದಾರರು ತಕರಾರು ತೆಗೆದಾಗ ಗಿರಣಿಯ ಬೆಲೆಯನ್ನು 84,000 ಪೌಂಡ್ ಎಂದು ನಿಗದಿ ಮಾಡಿ, ಓವನ್ ಹೊಸ ಪಾಲುದಾರರನ್ನು ಕೂಡಿಸಿಕೊಂಡು ಅವರ ಪಾಲನ್ನು ಕೊಂಡರು. ಹೊಸಬರೂ ಅದೇ ರಾಗ ಹಾಡಿದರು. ಕೊನೆಗೆ 1813ರಲ್ಲಿ ಗಿರಣಿ ಹರಾಜಿಗೆ ಬಂತು. ಓವನ್ ಅವರನ್ನು ಹೊರಹಾಕಿ ಅಗ್ಗದ ಬೆಲೆಗೆ ಗಿರಣಿ ಪಡೆಯುವುದು ಪಾಲುದಾರರ ಯೋಜನೆಯಾಗಿತ್ತು.

ಓವನ್ ಸುಮ್ಮನಿರಲಿಲ್ಲ. ಲಂಡನ್‌ಗೆ ಹೋಗಿ, ಬಂಡವಾಳಕ್ಕೆ ಶೇಕಡಾ 5ರಷ್ಟು ಮಾತ್ರ ಲಾಭಾಂಶ ಪಡೆದು ಉಳಿದದ್ದನ್ನು ಜನರ ಒಳಿತಿಗೆ ಬಿಡಲು ಒಪ್ಪುವ ಹೊಸ ಪಾಲುದಾರರನ್ನು ಹುಡುಕಿದರು. ತತ್ವಜ್ಞಾನಿ ಜೆರೆಮಿ ಬೆಂಥಾಮ್ ಮತ್ತು ಕ್ವೇಕರ್ ಪಂಥದ ವಿಲಿಯಂ ಅಲೆನ್ ಅವರಲ್ಲಿ ಸೇರಿದ್ದರು. ಗ್ಲಾಸ್ಗೋದಲ್ಲಿ ನಡೆದ ಹರಾಜಿನಲ್ಲಿ ಬೆಲೆ ಏರುತ್ತಾ ಏರುತ್ತಾ 1,14,100 ಪೌಂಡ್‌ಗಳಿಗೆ ಗಿರಣಿ ಓವನ್ ಅವರ ಪಾಲಾಯಿತು. ಹಿಂದಿನ ನಾಲ್ಕು ವರ್ಷಗಳ ಲೆಕ್ಕ ತೆಗೆದಾಗ, ಬಂಡವಾಳದ ಬಡ್ಡಿ ಕಳೆದು 1,60,000 ಪೌಂಡ್ ಲಾಭ ಬಂದಿತ್ತೆಂದು ಓವನ್ ಬರೆದಿದ್ದಾರೆ. ಜನರ ಒಳಿತಿಗೆ ಮಾಡಿದ ಖರ್ಚು ಲಾಭವನ್ನು ತಿಂದುಹಾಕುತ್ತದೆ ಎಂಬ ವಾದಕ್ಕೆ ಲೆಕ್ಕದ ಪುಸ್ತಕವೇ ಉತ್ತರ ಕೊಟ್ಟಿತು.

ಸುದ್ದಿ ತಿಳಿದ ದಿನ ನ್ಯೂ ಲಾನಾರ್ಕ್‌ನ ಜನ ಮನೆಮನೆಯ ಕಿಟಕಿಗಳಲ್ಲಿ ದೀಪ ಬೆಳಗಿದರು. ಓವನ್ ಹೊಸ ಪಾಲುದಾರರೊಂದಿಗೆ ಬರುವಾಗ ದಾರಿಯಲ್ಲೇ ಎದುರುಗೊಂಡು, ಕುದುರೆಗಳನ್ನು ಬಿಚ್ಚಿ, ಗಾಡಿಯನ್ನು ತಾವೇ ಎಳೆದು ಗ್ರಾಮಕ್ಕೆ ಕರೆತಂದರು. ಹದಿಮೂರು ವರ್ಷಗಳ ಹಿಂದೆ ಅವರನ್ನು ಸಂಶಯದಿಂದ ನೋಡಿದ್ದ ಅದೇ ಗ್ರಾಮವಿದು.

ಈ ಅವಧಿಯಲ್ಲೇ ಓವನ್ ಇತರ ಗಿರಣಿ ಮಾಲೀಕರನ್ನು ಉದ್ದೇಶಿಸಿ ಒಂದು ಲೇಖನ ಬರೆದರು. ನಿರ್ಜೀವ ಯಂತ್ರಗಳನ್ನು ಒರೆಸಿ, ಎಣ್ಣೆ ಹಾಕಿ, ಜೋಪಾನ ಮಾಡಿದರೆ ಲಾಭವಿದೆ ಎಂದು ನಿಮಗೆ ಗೊತ್ತಿದೆ. ಹಾಗಿರುವಾಗ ಅದಕ್ಕಿಂತ ಎಷ್ಟೋ ಸೂಕ್ಷ್ಮವಾದ ಮನುಷ್ಯರನ್ನು ಜೋಪಾನ ಮಾಡಿದರೆ ಇನ್ನೆಷ್ಟು ಫಲ ಸಿಗಬಹುದೆಂದು ಯೋಚಿಸಿ ಎಂಬುದು ಅದರ ಸಾರಾಂಶ. ಲಾಭದ ಭಾಷೆ ಮಾತ್ರ ಬಲ್ಲವರೊಡನೆ ಅವರು ಲಾಭದ ಭಾಷೆಯಲ್ಲೇ ಮಾತಾಡಿದರು.

ಶಾಲೆ ಮತ್ತು ಸರಿಯಾದ ಆಯ್ಕೆ

1816ರ ಜನವರಿ 1ರಂದು ಗ್ರಾಮದಲ್ಲಿ ಹೊಸ ಶಿಕ್ಷಣ ಕೇಂದ್ರ ಉದ್ಘಾಟನೆಯಾಯಿತು. ಹಗಲು ಮಕ್ಕಳಿಗೆ ಪಾಠ, ಸಂಜೆ ದೊಡ್ಡವರಿಗೆ ತರಗತಿ, ಸಂಗೀತ, ಉಪನ್ಯಾಸ. ಕೆಲಸದ ಅವಧಿಯೂ ದಿನಕ್ಕೆ ಹನ್ನೊಂದು ಗಂಟೆಗಿಂತ ಕೆಳಗೆ ಇಳಿಯಿತು. ಇಂದು ಇದು ಹೆಚ್ಚೆನಿಸಬಹುದು. ಹದಿಮೂರು, ಹದಿನಾಲ್ಕು ಗಂಟೆ ದುಡಿಸುತ್ತಿದ್ದ ಕಾಲದಲ್ಲಿ ಇದು ದೊಡ್ಡ ಹೆಜ್ಜೆ.

ನಡೆಯಲು ಕಲಿತ ಮಗುವಿಗೂ ಆ ಶಾಲೆಯಲ್ಲಿ ಜಾಗವಿತ್ತು. ಅಲ್ಲಿಗೆ ಶಿಕ್ಷಕರನ್ನು ಓವನ್ ಆರಿಸಿದ ಬಗೆ ವಿಶೇಷವಾದುದು. ಜೇಮ್ಸ್ ಬುಕಾನನ್ ಎಂಬ ಬಡ ನೇಕಾರನನ್ನೂ ಮಾಲಿ ಯಂಗ್ ಎಂಬ ಹದಿನೇಳು ವರ್ಷದ ಹುಡುಗಿಯನ್ನೂ ನೇಮಿಸಿದರು. ಬುಕಾನನ್‌ಗೆ ಓದು ಬರಹ ಅಷ್ಟಕ್ಕಷ್ಟೇ. ಆದರೆ ಇಬ್ಬರಿಗೂ ಮಕ್ಕಳೆಂದರೆ ಪ್ರಾಣ, ತಾಳ್ಮೆ ಅಪಾರ. ಯಾವುದೇ ಮಗುವಿಗೆ ಹೊಡೆಯಬಾರದು, ಬೈಯಬಾರದು ಎಂಬುದು ಓವನ್ ಕೊಟ್ಟ ಮೊದಲ ಸೂಚನೆ. ಗೋಡೆಗಳ ಮೇಲೆ ಪ್ರಾಣಿಗಳ ಚಿತ್ರ, ದೊಡ್ಡ ಭೂಪಟ, ಹಾಡು, ಕುಣಿತ, ಇವುಗಳ ಮೂಲಕವೇ ಪಾಠ. ಕೆಲಸಕ್ಕೆ ಬೇಕಾದ ಗುಣ ಯಾವುದೆಂದು ಗುರುತಿಸಿ ಆರಿಸಿದರೆ ಆಮೇಲೆ ಹುರಿದುಂಬಿಸುವ ಶ್ರಮ ಅರ್ಧ ಕಡಿಮೆಯಾಗುತ್ತದೆ.

ನ್ಯೂ ಲಾನಾರ್ಕ್‌ನ ಕೀರ್ತಿ ಯುರೋಪಿನಾದ್ಯಂತ ಹರಡಿತು. 1815ರಿಂದ 1825ರವರೆಗಿನ ಹತ್ತು ವರ್ಷಗಳಲ್ಲಿ ಸುಮಾರು 20,000 ಸಂದರ್ಶಕರು ಬಂದರು. ಮುಂದೆ ರಷ್ಯಾದ ಚಕ್ರವರ್ತಿಯಾದ ನಿಕೋಲಸ್ ಕೂಡ 1816ರಲ್ಲಿ ಇಲ್ಲಿಗೆ ಭೇಟಿ ನೀಡಿದರು. ಗಿರಣಿಗಳಲ್ಲಿ ದುಡಿಯುವ ಮಕ್ಕಳ ರಕ್ಷಣೆಗೆ ಕಾನೂನು ಬೇಕೆಂದು ಓವನ್ ಹೋರಾಡಿದರು. 1819ರಲ್ಲಿ ಬಂದ ಕಾನೂನು ಒಂಬತ್ತು ವರ್ಷ ತುಂಬದ ಮಕ್ಕಳನ್ನು ಹತ್ತಿ ಗಿರಣಿಗಳಲ್ಲಿ ದುಡಿಸುವುದನ್ನು ನಿಷೇಧಿಸಿತು. ಅವರು ಕೇಳಿದ್ದಕ್ಕಿಂತ ಬಹಳ ದುರ್ಬಲವಾದ ಕಾನೂನು ಅದು. ಆದರೂ ಒಂದು ಆರಂಭ.

ಸೋಲು ಕಲಿಸಿದ ಪಾಠ

ಓವನ್ ಅವರ ಬದುಕಿನಲ್ಲಿ ಎಲ್ಲವೂ ಗೆಲುವಲ್ಲ. 1817ರಲ್ಲಿ ಲಂಡನ್‌ನ ಬಹಿರಂಗ ಸಭೆಯೊಂದರಲ್ಲಿ ಅವರು ಎಲ್ಲ ಧರ್ಮಗಳನ್ನೂ ಕಟುವಾಗಿ ಟೀಕಿಸಿದರು. ಅಲ್ಲಿಯವರೆಗೆ ಅವರನ್ನು ಬೆಂಬಲಿಸಿದ್ದ ಅನೇಕರು ದೂರವಾದರು. ಶಾಲೆಯಲ್ಲಿ ಧಾರ್ಮಿಕ ಶಿಕ್ಷಣ ಸಾಲದೆಂದು, ಹಾಡು ಕುಣಿತ ಅತಿಯಾಯಿತೆಂದು ವಿಲಿಯಂ ಅಲೆನ್ ಅವರೊಂದಿಗೆ ಭಿನ್ನಾಭಿಪ್ರಾಯ ಬೆಳೆಯಿತು. ಅವರ ಈ ವಿಚಾರಗಳನ್ನು ನಾವು ಒಪ್ಪಬೇಕಾಗಿಲ್ಲ. ಅವರು ದುಡಿಯುವ ಬಡವರಿಗಾಗಿ ಮಾಡಿದ್ದನ್ನು ಮರೆಯಬೇಕಾಗಿಯೂ ಇಲ್ಲ.

1825ರಲ್ಲಿ ಓವನ್ ಅಮೆರಿಕದ ಇಂಡಿಯಾನಾ ರಾಜ್ಯದಲ್ಲಿ ನ್ಯೂ ಹಾರ್ಮನಿ ಎಂಬ ಗ್ರಾಮವನ್ನು ಕೊಂಡು, ಎಲ್ಲರೂ ಕೂಡಿ ದುಡಿದು ಹಂಚಿಕೊಂಡು ಬಾಳುವ ಆದರ್ಶ ಸಮುದಾಯ ಕಟ್ಟಲು ಹೊರಟರು. ಬಂದವರಿಗೆಲ್ಲ ಬಾಗಿಲು ತೆರೆದರು. ವಿದ್ವಾಂಸರು, ಕನಸುಗಾರರು, ಸೋಮಾರಿಗಳು ಎಲ್ಲರೂ ಬಂದರು. ನೇಗಿಲು ಹಿಡಿಯುವವರು, ಕೈಕೆಲಸ ಬಲ್ಲವರು ಕಡಿಮೆಯಾದರು. ಓವನ್ ಹೆಚ್ಚಿನ ಕಾಲ ಪ್ರವಾಸದಲ್ಲೇ ಇದ್ದರು. ಎರಡು ವರ್ಷಗಳಲ್ಲಿ ಪ್ರಯೋಗ ಮುರಿದುಬಿತ್ತು. ಅವರ ಆಸ್ತಿಯ ಬಹುಭಾಗ ಕರಗಿಹೋಯಿತು.

ಮ್ಯಾಂಚೆಸ್ಟರ್‌ನಲ್ಲಿ ಆರು ವಾರ ಬಾಯಿ ತೆರೆಯದೆ ನೋಡಿ ಕಲಿತಿದ್ದ ಅದೇ ಮನುಷ್ಯ ಇಲ್ಲಿ ಆ ತಾಳ್ಮೆ ತೋರಲಿಲ್ಲ. ದಿನವೂ ಎದುರಿಗಿದ್ದು, ಒಬ್ಬೊಬ್ಬರ ಮುಖ ಕಂಡು ನಡೆಸಿದ ಆಡಳಿತ ನ್ಯೂ ಲಾನಾರ್ಕ್‌ನದ್ದು. ನ್ಯೂ ಹಾರ್ಮನಿಯಲ್ಲಿ ತತ್ವ ದೊಡ್ಡದಾಗಿತ್ತು, ದಿನನಿತ್ಯದ ಗಮನ ಇರಲಿಲ್ಲ. ಇನ್ನೊಂದು ಕೊರತೆಯನ್ನೂ ಇತಿಹಾಸಕಾರರು ತೋರಿಸಿದ್ದಾರೆ. ನ್ಯೂ ಲಾನಾರ್ಕ್‌ನಲ್ಲಿ ಜನರಿಗಾಗಿ ಎಲ್ಲವನ್ನೂ ಮಾಡಿದ ಓವನ್, ಆಡಳಿತದ ನಿರ್ಧಾರಗಳಲ್ಲಿ ಜನರಿಗೆ ಪಾಲು ಕೊಡಲಿಲ್ಲ. ತಂದೆ ಮಕ್ಕಳಿಗೆ ಮಾಡುವಂತೆ ಮಾಡಿದರು. ಮಕ್ಕಳು ಬೆಳೆದು ದೊಡ್ಡವರಾಗಿ ತಾವೇ ಮನೆ ನಡೆಸಬಲ್ಲರು ಎಂದು ಬಗೆದು ಅವಕಾಶ ಕೊಡಲಿಲ್ಲ.

ಆ ಕೊರತೆಯನ್ನು ತುಂಬಿದ್ದು ದುಡಿಯುವ ಜನರೇ. 1844ರಲ್ಲಿ ಇಂಗ್ಲೆಂಡಿನ ರೋಚ್‌ಡೇಲ್ ಪಟ್ಟಣದಲ್ಲಿ 28 ಮಂದಿ ಸೇರಿ ತಮ್ಮದೇ ಅಂಗಡಿ ತೆರೆದರು. ಅವರಲ್ಲಿ ಹಲವರು ಓವನ್ ಅವರ ವಿಚಾರಗಳಿಂದ ಪ್ರಭಾವಿತರು. ಒಳ್ಳೆಯ ಸಾಮಾನು, ನ್ಯಾಯವಾದ ಬೆಲೆ ಎಂಬುದು ನ್ಯೂ ಲಾನಾರ್ಕ್‌ನ ಅಂಗಡಿಯಲ್ಲೂ ಇತ್ತು. ಒಬ್ಬ ಸದಸ್ಯನಿಗೆ ಒಂದು ಮತ ಎಂಬುದು ಇವರು ಸೇರಿಸಿದ್ದು. ಮುಂದೆ ಜಗತ್ತಿನ ಸಹಕಾರಿ ಸಂಘಗಳೆಲ್ಲ ಒಪ್ಪಿಕೊಂಡ ತತ್ವಗಳಿಗೆ ಈ ಅಂಗಡಿಯ ನಿಯಮಗಳೇ ಬುನಾದಿಯಾದವು. ನಮ್ಮ ಊರುಗಳ ಸಹಕಾರಿ ಸಂಘದ ಮಹಾಸಭೆಯಲ್ಲಿ ಸದಸ್ಯರು ಸಮಾನವಾಗಿ ಕೈಯೆತ್ತಿ ಮತ ಹಾಕುವಾಗ ಆ ಪರಂಪರೆಯೇ ಮುಂದುವರಿಯುತ್ತದೆ.

ಕೊನೆಯ ದಿನಗಳು

ಓವನ್ ಕೊನೆಯವರೆಗೂ ಓಡಾಡುತ್ತಾ, ಬರೆಯುತ್ತಾ, ಭಾಷಣ ಮಾಡುತ್ತಾ ಇದ್ದರು. ಕೊನೆಗಾಲದಲ್ಲಿ ಹುಟ್ಟೂರಿಗೆ ಹಿಂದಿರುಗಿದ ಅವರು 1858ರ ನವೆಂಬರ್ 17ರಂದು ನ್ಯೂಟೌನ್‌ನಲ್ಲೇ ನಿಧನ ಹೊಂದಿದರು. ಆಗ ಅವರಿಗೆ 87 ವರ್ಷ. ಅಲ್ಲಿನ ಹಳೆಯ ಸಂತ ಮೇರಿ ದೇವಾಲಯದ ಆವರಣದಲ್ಲಿ ತಂದೆ ತಾಯಿಯ ಪಕ್ಕದಲ್ಲೇ ಅವರ ಸಮಾಧಿಯಿದೆ. ನ್ಯೂ ಲಾನಾರ್ಕ್ ಗಿರಣಿ 1968ರವರೆಗೆ ನಡೆಯಿತು. 2001ರಲ್ಲಿ ಯುನೆಸ್ಕೋ ಆ ಗ್ರಾಮವನ್ನು ವಿಶ್ವ ಪರಂಪರೆಯ ತಾಣವೆಂದು ಘೋಷಿಸಿತು.

ನಮ್ಮಲ್ಲಿ ಕೆಲವರು ಹತ್ತಾರು ಜನರ ಮೇಲೆ ಅಧಿಕಾರ ನಡೆಸುವ ಸ್ಥಾನದಲ್ಲಿದ್ದೇವೆ. ಇನ್ನು ಕೆಲವರು ಒಬ್ಬರ ಕೈಕೆಳಗೆ ದುಡಿಯುತ್ತೇವೆ. ಅನೇಕರು ಎರಡನ್ನೂ ಮಾಡುತ್ತೇವೆ. ಮನೆಗೆಲಸಕ್ಕೆ ಬರುವವರು, ತೋಟದ ಆಳುಗಳು, ಅಂಗಡಿಯ ಹುಡುಗರು, ಶಾಲೆಯ ಆಯಾ, ಇವರಿಗೆ ನಾವೇ ಧಣಿಗಳು. ಇವರು ಮನಸ್ಸಿಟ್ಟು ದುಡಿಯುವುದಿಲ್ಲ ಎಂದು ದೂರುವ ಮೊದಲು ಓವನ್ ಅವರ ಬದುಕಿನ ಮುಂದೆ ಕೆಲವು ಪ್ರಶ್ನೆಗಳನ್ನು ಕೇಳಿಕೊಳ್ಳಬಹುದು. ಆದೇಶ ಕೊಡುವ ಮೊದಲು ಅವರ ಕೆಲಸವನ್ನು ನಾವು ಕಣ್ಣಾರೆ ನೋಡಿದ್ದೇವೆಯೇ? ಅನ್ಯಾಯವಾಯಿತು ಎಂದು ಅನಿಸಿದಾಗ ಭಯವಿಲ್ಲದೆ ನಮ್ಮ ಬಳಿ ಬಂದು ಹೇಳುವ ದಾರಿ ಅವರಿಗಿದೆಯೇ? ಅವರಿಗೆ ಕೊಡುವ ಅಳತೆಕೋಲನ್ನು ನಮಗೂ ಇಟ್ಟುಕೊಂಡಿದ್ದೇವೆಯೇ? ಎಲ್ಲಕ್ಕಿಂತ ಮುಖ್ಯವಾಗಿ, ಕೆಲಸ ನಿಂತು ಕೈ ಬಿಗಿಯಾದ ದಿನಗಳಲ್ಲಿ ನಾವು ಅವರ ಜೊತೆಗಿದ್ದೆವೇ?

ಕೊನೆಯ ಪ್ರಶ್ನೆಗೆ ಹೌದು ಎನ್ನಬಲ್ಲವರ ಸಂಸ್ಥೆಯಲ್ಲಿ ಉಳಿದ ಪ್ರೋತ್ಸಾಹಗಳೆಲ್ಲ ತಾನಾಗಿ ಫಲ ಕೊಡುತ್ತವೆ. ವಿಶ್ವಾಸವೆಂಬುದು ಸಂಬಳದ ಪಟ್ಟಿಯಲ್ಲಿ ಬರೆಯದ ಲೆಕ್ಕ. ಓವನ್ ಅದಕ್ಕೆ ಬೆಲೆ ತೆತ್ತರು. ಅದು ಅವರಿಗೆ ಬಡ್ಡಿ ಸಮೇತ ಹಿಂದಿರುಗಿತು.